ಸಪ್ತಮೀ ವಿಭಕ್ತಿಯ ಆಫ್ರಿಕಾ: ಕನ್ನಡದ ಜನಪ್ರಿಯ ರಂಜನೆಯಲ್ಲಿ ದೂರದ ಜನ

1

ಹೈದರಾಬಾದಿನ ಮಾಸಾಬ್ ಟ್ಯಾಂಕಿಗೆ ಹೊಂದಿಕೊಂಡಿರುವ ಒಂದು ಬಡಾವಣೆಯ ಹೆಸರು ಎ.ಸಿ. ಗಾರ್ಡ್ಸ್. ನಗರದವರು ಈ ಹೆಸರನ್ನು ದಿನನಿತ್ಯ ಬಳಸುತ್ತಾರೆ. ಅದರ ಮೊದಲ ಎರಡು ಅಕ್ಷರಗಳು ‘ಆಫ್ರಿಕನ್ ಕ್ಯಾವಲ್ರಿ’ ಎಂಬುದರ ಸಂಕ್ಷೇಪವೆಂಬ ಸಂಗತಿ ಮಾತ್ರ ಬಹುಮಂದಿಯ ಗಮನಕ್ಕೆ ಬರುವುದಿಲ್ಲ. 19ನೆಯ ಶತಮಾನದಲ್ಲಿ ವನಪರ್ತಿ ಸಂಸ್ಥಾನದಲ್ಲಿ ರೂಪುಗೊಂಡು, ಅನಂತರ ನಿಜಾಮರ ಸೇವೆಗೆ ಸೇರಿದ ಆಫ್ರಿಕನ್ ಮೂಲದ ಅಶ್ವದಳದವರೂ ಅವರ ಕುಟುಂಬದವರೂ ನೆಲೆನಿಂತ ಜಾಗ ಅದು. ಇದೇ ನಗರದಲ್ಲಿ ಸಿದ್ದಿ ಅಂಬರ್ ಬಜಾರ್ ಇದೆ, ಹಬ್ಸಿಗುಡವೂ ಇದೆ. ‘ಸಿದ್ದಿ’ ಮತ್ತು ‘ಹಬ್ಷಿ’ ಎಂಬೆರಡು ಪದಗಳೂ ದಖ್ಖನಿನಲ್ಲಿ ಶತಮಾನಗಳಿಂದ ಆಫ್ರಿಕನ್ ಮೂಲದವರನ್ನು ಹೆಸರಿಸುತ್ತ ಬಂದವು.

ಈ ಸಂಬಂಧ ಹೈದರಾಬಾದಿಗೆ ಮಾತ್ರ ಸೀಮಿತವಾದುದಲ್ಲ. 1956ರವರೆಗೆ ಹೈದರಾಬಾದ್ ರಾಜ್ಯದ ಭಾಗವಾಗಿದ್ದ ಬೀದರಿನಲ್ಲಿ ಹಬ್ಷಿ ಕೋಟೆಂದು ಕರೆಯಲಾಗುವ ದಿಣ್ಣೆಯ ಮೇಲೆ ಅಬಿಸೀನಿಯಾ ಮೂಲದ ಸರದಾರರ ಗೋರಿಗಳಿವೆ. ವಿಜಾಪುರದಲ್ಲಿ ಮುಹಮ್ಮದ್ ಆದಿಲ್ ಶಾಹನ ಆಳ್ವಿಕೆಯ ಕಾಲದಲ್ಲಿ (1627-1656) ಇಖ್ಲಾಸ್ ಖಾನನೆಂಬ ಹಬ್ಷಿ ಸರದಾರ ರಾಜ್ಯದ ಪ್ರಬಲ ಅಧಿಕಾರಿಯಾಗಿದ್ದ. ಸುಲ್ತಾನನೊಡನೆ ಆನೆಯ ಮೇಲೆ ಕುಳಿತ ಅವನ ಚಿತ್ರ ದಖ್ಖನಿ ಚಿತ್ರಕಲೆಯ ಪ್ರಸಿದ್ಧ ಕೃತಿಗಳಲ್ಲಿ ಒಂದು. ಆ ಚಿತ್ರಕಾರನು ಇಖ್ಲಾಸ್ ಖಾನನ ಮೈಬಣ್ಣವನ್ನು ಮರೆಮಾಚಿಲ್ಲ, ಅದನ್ನೇ ಚಿತ್ರದ ವಿಷಯವನ್ನಾಗಿಯೂ ಮಾಡಿಲ್ಲ. ಅಲ್ಲಿ ಕಾಣುವವನು ಒಬ್ಬ ಅಧಿಕಾರಿ. ಅವನ ಉಡುಪು, ಭಂಗಿ ಮತ್ತು ಸ್ಥಾನಗಳು ಅವನಾರೆಂದು ಹೇಳುತ್ತವೆ.

ಹೀಗೆ ಕನ್ನಡ ಪ್ರದೇಶದ ಚರಿತ್ರೆಯಲ್ಲಿ ಆಫ್ರಿಕಾ ದೂರದ ವಸ್ತುವಾಗಿರಲಿಲ್ಲ. ಆದರೂ 20ನೆಯ ಶತಮಾನದ ಕನ್ನಡ ಜನಪ್ರಿಯ ರಂಜನೆಯು ಆಫ್ರಿಕಾವನ್ನು ತೋರಿಸಬಯಸಿದಾಗ ಸಮುದ್ರ ದಾಟಿ ಹೋಯಿತು. ಹೋಗಿ ಅಲ್ಲಿಂದ ತಂದದ್ದೇನು, ತರುವಾಗ ಮನೆಯಲ್ಲಿದ್ದ ಏನನ್ನು ಕಾಣದೆ ಹೋಯಿತು ಎಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ಜನರನ್ನು ಸಂತೋಷಪಡಿಸಿದ ಚಿತ್ರಗಳನ್ನು ಇಷ್ಟು ವರ್ಷಗಳ ಅನಂತರ ಅಪರಾಧಿ ಸ್ಥಾನದಲ್ಲಿ ನಿಲ್ಲಿಸುವುದು ನಮ್ಮ ಇಚ್ಛೆಯಲ್ಲ. ರಂಜನೆಯ ರೂಪಗಳು ಒಂದು ಸಮಾಜದ ನೋಟವನ್ನು ಅದರ ಗಂಭೀರ ಸಾಹಿತ್ಯಕ್ಕಿಂತ ಮುಕ್ತವಾಗಿ ಬಯಲುಮಾಡುತ್ತವೆ ಎಂಬ ಕಾರಣಕ್ಕೆ ಅವನ್ನು ಇಲ್ಲಿ ಎತ್ತಿಕೊಂಡಿದ್ದೇವೆ.

2

ಮೂರು ಚಿತ್ರಗಳ ಹೆಸರುಗಳಿಂದ ಆರಂಭಿಸಬಹುದು. 1968ರಲ್ಲಿ ದೊರೈ-ಭಗವಾನ್ ಜೋಡಿಯ ನಿರ್ದೇಶನದಲ್ಲಿ ರಾಜ್‌ಕುಮಾರ್ ಅಭಿನಯದ ‘ಗೋವಾದಲ್ಲಿ ಸಿ.ಐ.ಡಿ. 999’ ಬಂದಿತು. 1978ರಲ್ಲಿ, ವಿದೇಶದಲ್ಲಿ ಚಿತ್ರೀಕರಣಗೊಂಡ ಮೊದಲ ಕನ್ನಡ ಚಿತ್ರವೆಂದು ಹೆಸರಾದ ‘ಸಿಂಗಾಪುರದಲ್ಲಿ ರಾಜಾ ಕುಳ್ಳ’ ಬಂದಿತು. ವಿಷ್ಣುವರ್ಧನ್ ಮತ್ತು ದ್ವಾರಕೀಶ್ ಅದರ ಜೋಡಿ. 1986ರಲ್ಲಿ ದ್ವಾರಕೀಶ್ ಅವರೇ ನಿರ್ಮಿಸಿ ನಿರ್ದೇಶಿಸಿದ ‘ಆಫ್ರಿಕಾದಲ್ಲಿ ಶೀಲಾ’ ಬಂದಿತು. ಗೋವಾ, ಸಿಂಗಾಪುರ, ಆಫ್ರಿಕಾ ಎಂದು ದೂರ ಹೆಚ್ಚುತ್ತ ಹೋಗಿರುವುದನ್ನು ಯಾರೂ ಗುರುತಿಸಬಲ್ಲರು. ನಮ್ಮ ಗಮನ ಸೆಳೆಯುವುದು ಮೂರು ಶೀರ್ಷಿಕೆಗಳ ವ್ಯಾಕರಣ.

ಮೂರರಲ್ಲಿಯೂ ಸ್ಥಳವು ಸಪ್ತಮೀ ವಿಭಕ್ತಿಯಲ್ಲಿದೆ; ಪ್ರಥಮಾ ವಿಭಕ್ತಿಯಲ್ಲಿರುವವನು, ಅಂದರೆ ಕರ್ತೃಸ್ಥಾನದಲ್ಲಿರುವವನು, ನಮ್ಮವನು. ನಮ್ಮ ವೈಯಾಕರಣರು ಸಪ್ತಮಿಯ ಅರ್ಥವನ್ನು ಅಧಿಕರಣವೆಂದು ಕರೆದರು: ಕ್ರಿಯೆ ನಡೆಯುವ ನೆಲೆ, ಆಧಾರ. ಆಧಾರವು ತಾನಾಗಿ ಏನನ್ನೂ ಮಾಡುವುದಿಲ್ಲ. ಸಿಂಗಾಪುರವು ರಾಜಾ ಮತ್ತು ಕುಳ್ಳರ ಸಾಹಸಕ್ಕೆ ಹಾಸಿದ ಚಾಪೆ. ಆಫ್ರಿಕಾವು ಶೀಲಾಳ ಬಾಳಿಗೆ ಹಾಸಿದ ಚಾಪೆ. ಅಲ್ಲಿಯ ಜನರಿಗೆ ಈ ವಾಕ್ಯದಲ್ಲಿ ಯಾವ ವಿಭಕ್ತಿಯೂ ಇಲ್ಲ.

ಇದು ಕೇವಲ ಶಬ್ದಚಮತ್ಕಾರವೆಂದು ತೋರಬಾರದೆಂದು ಪ್ರವಾಸ ಸಾಹಿತ್ಯದ ಎರಡು ಹೆಸರುಗಳನ್ನು ಪಕ್ಕದಲ್ಲಿಡುತ್ತೇವೆ. ಶಿವರಾಮ ಕಾರಂತರ ಒಂದು ಪ್ರವಾಸಕಥನ ‘ಅಬುವಿನಿಂದ ಬರಾಮಕ್ಕೆ’, ವಿ.ಕೃ. ಗೋಕಾಕರದು ‘ಸಮುದ್ರದಾಚೆಯಿಂದ’. ಮೊದಲನೆಯದರಲ್ಲಿ ಹೊರಡುವಿಕೆ ಮತ್ತು ತಲಪುವಿಕೆ ಇವೆ. ಎರಡನೆಯದರಲ್ಲಿ ಆಚೆಯಿಂದ ಈಚೆಗೆ ಏನೋ ಬರುತ್ತಿದೆ. ಚಲನೆಯ ವಿಭಕ್ತಿಗಳಲ್ಲಿ ಪ್ರವಾಸಿಯು ಬದಲಾಗಲು ಅವಕಾಶವುಂಟು. ಜನಪ್ರಿಯ ಚಿತ್ರದ ನಾಯಕನಾದರೋ ಎಲ್ಲಿದ್ದರೂ ತಾನೇ ಆಗಿ ಉಳಿಯಬೇಕು. ಅಭಿಮಾನಿಯು ಹಣ ಕೊಟ್ಟಿರುವುದು ಆ ಸ್ಥಿರತೆಗಾಗಿ. ಆದುದರಿಂದ ಸ್ಥಳವು ಎಷ್ಟು ದೂರದ್ದಾದಷ್ಟೂ ಅದು ಅಷ್ಟು ಮೌನವಾಗಿರಬೇಕಾಗುತ್ತದೆ.

ಇನ್ನೊಂದು ಅಂಶ. ಗೋವಾ ಒಂದು ಪ್ರದೇಶ, ಸಿಂಗಾಪುರ ಒಂದು ನಗರ-ರಾಷ್ಟ್ರ. ಮೂರನೆಯ ಶೀರ್ಷಿಕೆಯಲ್ಲಿ ಮಾತ್ರ ಇಡೀ ಖಂಡವೊಂದು ಒಂದೇ ಊರಿನಂತೆ ಬಂದಿದೆ. ಆಫ್ರಿಕಾದಲ್ಲಿ ಎಲ್ಲಿ ಎಂಬ ಪ್ರಶ್ನೆಯನ್ನು ಹೆಸರು ಎತ್ತಿಕೊಳ್ಳುವುದೇ ಇಲ್ಲ, ಪ್ರೇಕ್ಷಕರೂ ಕೇಳಲಿಲ್ಲ. ಇದೇ 1986ರ ಸೆಪ್ಟೆಂಬರಿನಲ್ಲಿ ಜಿಂಬಾಬ್ವೆಯ ಹರಾರೆಯಲ್ಲಿ ಅಲಿಪ್ತ ರಾಷ್ಟ್ರಗಳ ಎಂಟನೆಯ ಶೃಂಗಸಭೆ ನಡೆಯಿತು. ವರ್ಣಭೇದ ನೀತಿಯ ವಿರುದ್ಧ ಹೋರಾಡುತ್ತಿದ್ದ ದಕ್ಷಿಣ ಆಫ್ರಿಕಾ ಭಾಗದ ದೇಶಗಳ ನೆರವಿಗೆ ಅಲ್ಲಿ ಒಂದು ನಿಧಿ ಸ್ಥಾಪನೆಯಾಯಿತು. ಭಾರತವೇ ಅದರ ಅಧ್ಯಕ್ಷ ಸ್ಥಾನ ವಹಿಸಿತು. ಅಂದರೆ ಆ ವರ್ಷ ಕನ್ನಡ ದಿನಪತ್ರಿಕೆಯ ಓದುಗನಿಗೆ ಹೆಸರುಳ್ಳ ದೇಶಗಳ, ಹೆಸರುಳ್ಳ ನಾಯಕರ, ವಾದಿಸುವ ಆಫ್ರಿಕಾ ಒಂದು ಪುಟದಲ್ಲಿ ದೊರೆಯುತ್ತಿತ್ತು. ಅದೇ ಪತ್ರಿಕೆಯ ಸಿನಿಮಾ ಜಾಹೀರಾತಿನ ಪುಟದಲ್ಲಿದ್ದುದು ಕಾಡು ಮಾತ್ರವಾದ ಆಫ್ರಿಕಾ. ಒಬ್ಬನೇ ಓದುಗನು ಎರಡನ್ನೂ ಒಟ್ಟಿಗೆ ಇಟ್ಟುಕೊಂಡಿರಬಲ್ಲನು, ಎರಡಕ್ಕೂ ಸಂಬಂಧವೇ ಇಲ್ಲವೆಂಬಂತೆ. ಜನಪ್ರಿಯ ರಂಜನೆಯ ಬಲವಿರುವುದು ಇಲ್ಲಿ: ಅದು ಸುದ್ದಿಯನ್ನು ಅಲ್ಲಗಳೆಯುವುದಿಲ್ಲ, ಪಕ್ಕಕ್ಕೆ ಸರಿಸುತ್ತದೆ.

3

‘ಆಫ್ರಿಕಾದಲ್ಲಿ ಶೀಲಾ’ ಚಿತ್ರದ ಕಲ್ಪನೆ ಕನ್ನಡದ ನೆಲದಲ್ಲಿ ಹುಟ್ಟಿದ್ದಲ್ಲ. 1984ರ ಹಾಲಿವುಡ್ ಚಿತ್ರ ‘ಶೀನಾ’ ಅದಕ್ಕೆ ಪ್ರೇರಣೆ. ಶೀನಾ ಎಂಬ ಕಾಡಿನ ರಾಣಿ ಅಮೆರಿಕದ ಚಿತ್ರಕಥಾ ಪತ್ರಿಕೆಗಳಲ್ಲಿ 1930ರ ದಶಕದ ಕೊನೆಯಲ್ಲಿ ಹುಟ್ಟಿದವಳು. ಅವಳ ಹಿರಿಯಣ್ಣ 1912ರಲ್ಲಿ ಎಡ್ಗರ್ ರೈಸ್ ಬರೋಸ್ ಸೃಷ್ಟಿಸಿದ ಟಾರ್ಜನ್. ಬರೋಸ್ ಜೀವಮಾನದಲ್ಲಿ ಒಮ್ಮೆಯೂ ಆಫ್ರಿಕಾಕ್ಕೆ ಹೋದವನಲ್ಲ. ಹಿಂದಿಯಲ್ಲಿ ಹೋಮಿ ವಾಡಿಯಾ 1937ರಲ್ಲಿಯೇ ‘ತೂಫಾನಿ ಟಾರ್ಜನ್’, 1958ರಲ್ಲಿ ‘ಜಿಂಬೊ’ ಚಿತ್ರಗಳನ್ನು ನಿರ್ಮಿಸಿ ಈ ವಂಶವನ್ನು ಭಾರತಕ್ಕೆ ತಂದಿದ್ದರು.

ಈ ವಂಶಾವಳಿಯ ಕಥಾಬೀಜ ಸರಳವಾದುದು. ಬಿಳಿಯರ ಮಗುವೊಂದು ಕಾಡಿನಲ್ಲಿ ಉಳಿದು, ಅಲ್ಲಿಯೇ ಹುಟ್ಟಿ ಬೆಳೆದವರಿಗಿಂತ ಕಾಡನ್ನು ಚೆನ್ನಾಗಿ ಬಲ್ಲ ಒಡೆಯನಾಗುತ್ತದೆ. ಇದರ ರಾಜಕೀಯವನ್ನು ವಿವರಿಸಿ ಹೇಳಬೇಕಾದುದಿಲ್ಲ. ಎಡ್ವರ್ಡ್ ಸೈದ್ 1978ರಲ್ಲಿ ಪೌರ್ವಾತ್ಯವಾದವನ್ನು ಕುರಿತು ಬರೆದ ಮೇಲೆ ವಸಾಹತು ನೋಟದ ವಿಶ್ಲೇಷಣೆ ನಮ್ಮ ವಿಮರ್ಶೆಗೂ ಪರಿಚಿತವಾಗಿದೆ. ಆದರೆ ಇಂಥ ಕಥೆಯನ್ನು ವಸಾಹತಿಗೆ ಒಳಗಾದವರೇ ಎತ್ತಿಕೊಂಡಾಗ ಏನಾಗುತ್ತದೆ ಎಂಬುದು ಬೇರೆ ಪ್ರಶ್ನೆ.

ಇಲ್ಲಿ ಒಂದು ಹಳೆಯ ಸಂಗತಿಯನ್ನು ನೆನೆಯುವುದು ಅವಶ್ಯ. 19ನೆಯ ಶತಮಾನದ ಯೂರೋಪಿನಲ್ಲಿ ದೂರದ ಜನರನ್ನು ಕರೆತಂದು ಬೇಲಿಯೊಳಗೆ ನಿಲ್ಲಿಸಿ ಟಿಕೆಟಿಗೆ ತೋರಿಸುವುದು ದೊಡ್ಡ ರಂಜನೆಯ ಉದ್ಯಮವಾಗಿತ್ತು. ದಕ್ಷಿಣ ಆಫ್ರಿಕಾದ ಸಾರಾ ಬಾರ್ಟ್‌ಮನ್ ಎಂಬ ಹೆಣ್ಣನ್ನು 1810ರಲ್ಲಿ ಲಂಡನ್ನಿನಲ್ಲಿ ಹೀಗೆ ತೋರಿಸಲಾಯಿತು. ಅವಳ ಅವಶೇಷಗಳು ತಾಯ್ನೆಲಕ್ಕೆ ಮರಳಿ ಮಣ್ಣಾದುದು 2002ರಲ್ಲಿ. ಹ್ಯಾಂಬರ್ಗಿನ ಪ್ರಾಣಿವ್ಯಾಪಾರಿ ಕಾರ್ಲ್ ಹಾಗೆನ್‌ಬೆಕ್ 1870ರ ದಶಕದಿಂದ ಮನುಷ್ಯರ ಪ್ರದರ್ಶನಗಳನ್ನು ಊರೂರಿಗೆ ಒಯ್ದನು. 1886ರಲ್ಲಿ ಲಂಡನ್ನಿನಲ್ಲಿ ನಡೆದ ವಸಾಹತು ಮತ್ತು ಭಾರತೀಯ ಪ್ರದರ್ಶನದಲ್ಲಿ ಅರಮನೆಯ ಅಂಗಳವೊಂದನ್ನು ನಿರ್ಮಿಸಿ, ಅದರಲ್ಲಿ ಕೆಲಸ ಮಾಡುವ ‘ದೇಶೀಯ ಕುಶಲಕರ್ಮಿ’ಗಳನ್ನು ಕೂರಿಸಲಾಯಿತು, ಅವರನ್ನು ತಂದಿದ್ದುದು ಆಗ್ರಾದ ಕಾರಾಗೃಹದಿಂದ. ಅಂದರೆ ಬೇಲಿಯ ಒಳಗೆ ಆಫ್ರಿಕಾದವರಂತೆ ನಾವೂ ಇದ್ದೆವು.

ಅದಾದ ನೂರು ವರ್ಷಕ್ಕೆ, 1986ರಲ್ಲಿ, ನಾವು ಬೇಲಿಯ ಹೊರಗೆ ಟಿಕೆಟು ಹಿಡಿದು ನಿಂತಿದ್ದೆವು. ಕನ್ನಡದ ರೂಪಾಂತರವು ಬಿಳಿಯ ನಾಯಕಿಯ ಸ್ಥಾನದಲ್ಲಿ ಭಾರತೀಯ ಹೆಣ್ಣನ್ನು ಕೂರಿಸಿತು. ಆಸನವನ್ನು ಬದಲಿಸಬೇಕೆಂದು ಅದಕ್ಕೆ ತೋರಲಿಲ್ಲ, ಆಸನದಲ್ಲಿ ಕೂರುವವರು ಬದಲಾದರೆ ಸಾಕೆನಿಸಿತು. ಇದನ್ನು ದ್ವಾರಕೀಶ್ ಒಬ್ಬರ ದೋಷವೆಂದು ನಾವು ಎಣಿಸುವುದಿಲ್ಲ. ಅಷ್ಟು ಸಣ್ಣ ಮಾರುಕಟ್ಟೆಯ ಚಿತ್ರರಂಗವೊಂದನ್ನು ಸಮುದ್ರದಾಚೆ ಕೊಂಡೊಯ್ಯುವ ಧೈರ್ಯ ಅವರಲ್ಲಿತ್ತು. ‘ನಮ್ಮವರೂ ಅಲ್ಲಿಗೆ ಹೋಗಬಲ್ಲರು’ ಎಂಬ ಹೆಮ್ಮೆಯೂ ಪ್ರೇಕ್ಷಕರ ಸಂತೋಷದಲ್ಲಿ ಬೆರೆತಿತ್ತು. ಆ ಹೆಮ್ಮೆ ನ್ಯಾಯವಾದುದೇ. ಅದಕ್ಕೆ ದೊರೆತ ಸಿದ್ಧ ಅಚ್ಚು ಮಾತ್ರ ಪರರದಾಗಿತ್ತು.

4

ಹಾಗಾದರೆ ಅನ್ಯರನ್ನು ತೋರಿಸುವ ಅಚ್ಚು ಕನ್ನಡದ ರಂಜನೆಯಲ್ಲಿ ಮೊದಲು ಇರಲಿಲ್ಲವೇ? ಇತ್ತು, ಅದರ ಗುಣ ಬೇರೆ. ಯಕ್ಷಗಾನದ ಕಿರಾತಾರ್ಜುನ ಪ್ರಸಂಗದಲ್ಲಿ ಕಿರಾತನು ರಂಗಕ್ಕೆ ಬರುವಾಗ ಅವನ ವೇಷ, ಕುಣಿತಗಳು ಪ್ರೇಕ್ಷಕರಿಗೆ ವಿನೋದವನ್ನು ಕೊಡುತ್ತವೆ. ಕಾಡಿನವನೆಂಬ ವ್ಯತ್ಯಾಸವನ್ನು ರಂಗ ಮುಚ್ಚಿಡುವುದಿಲ್ಲ. ಆದರೆ ಬಂದವನು ಸುಮ್ಮನೆ ನಿಂತು ನೋಡಿಸಿಕೊಳ್ಳುವುದಿಲ್ಲ, ಮಾತನಾಡುತ್ತಾನೆ. ಹಂದಿಗೆ ಬಾಣ ಬಿಟ್ಟವರು ಯಾರೆಂಬ ವಿವಾದದಲ್ಲಿ ಅರ್ಜುನನಂಥ ಕ್ಷತ್ರಿಯನ ಅಹಂಕಾರವನ್ನು ಪ್ರಶ್ನಿಸುತ್ತಾನೆ. ಅರ್ಥಧಾರಿಯು ಸಮರ್ಥನಾಗಿದ್ದರೆ ಆ ರಾತ್ರಿಯ ಸಭೆ ಕಿರಾತನ ಪಕ್ಷಕ್ಕೆ ಒಲಿಯುವುದೂ ಉಂಟು.

1954ರಲ್ಲಿ ಎಚ್.ಎಲ್.ಎನ್. ಸಿಂಹ ನಿರ್ದೇಶಿಸಿದ ‘ಬೇಡರ ಕಣ್ಣಪ್ಪ’, ರಾಜ್‌ಕುಮಾರ್ ಅವರನ್ನು ನಾಯಕನಾಗಿ ಪರಿಚಯಿಸಿದ ಚಿತ್ರ, ಇದೇ ಪರಂಪರೆಯ ಇನ್ನೊಂದು ಕವಲು. ಅಲ್ಲಿ ಬೇಡನ ಪೂಜೆ ಶಾಸ್ತ್ರಕ್ಕೆ ವಿರುದ್ಧವಾದುದು. ಆದರೆ ಕಥೆ ಅವನ ಕಡೆಯಿಂದ ನಡೆಯುತ್ತದೆ. ನಗೆಪಾಟಲಾಗುವುದು ಅವನನ್ನು ಹೀಗಳೆದ ಅರ್ಚಕವರ್ಗ. ಕನ್ನಡ ಚಿತ್ರರಂಗದ ಅತ್ಯಂತ ದೊಡ್ಡ ನಟನ ಆರಂಭವೇ ಕಾಡಿನವನೊಬ್ಬನ ಪಾತ್ರದಿಂದ ಆಯಿತೆಂಬುದು ಗಮನಾರ್ಹ.

ಈ ಪರಂಪರೆಯನ್ನು ನಾವು ಆದರ್ಶವೆಂದು ಎತ್ತಿಹಿಡಿಯುತ್ತಿಲ್ಲ. ಕಿರಾತನ ಮಾತಿಗೆ ಬೆಲೆ ಬರುವುದು ಅವನು ವೇಷ ತೊಟ್ಟ ಶಿವನೆಂಬ ಅರಿವಿನಿಂದ. ಕಣ್ಣಪ್ಪನಿಗೆ ಬೆಲೆ ಬರುವುದು ಅವನು ಕಣ್ಣನ್ನೇ ಕಿತ್ತುಕೊಟ್ಟ ಭಕ್ತನಾದುದರಿಂದ. ದೇವರೂ ಅಲ್ಲದ ಭಕ್ತನೂ ಅಲ್ಲದ ಸಾಮಾನ್ಯ ಬೇಡನಿಗೆ ಅಲ್ಲಿಯೂ ಸ್ಥಳವಿರಲಿಲ್ಲ. ಆದರೂ ಒಂದು ವ್ಯತ್ಯಾಸ ಉಳಿಯುತ್ತದೆ. ಹಳೆಯ ರಂಗದಲ್ಲಿ ಬೇರೆಯವನು ಕನ್ನಡದಲ್ಲಿ ಮಾತನಾಡಿದ, ಮರುಮಾತು ಕೊಟ್ಟ. ಹೊಸ ರಂಜನೆಯಲ್ಲಿ ಬೇರೆಯವನಿಗೆ ಡೋಲಿನ ಸದ್ದು ಮತ್ತು ಕುಣಿತಗಳು ಮಾತ್ರ ಉಳಿದವು. ಬಣ್ಣ ಬಳಿದ ಸಹನಟರು ಬೆಂಕಿಯ ಸುತ್ತ ಅರ್ಥವಿಲ್ಲದ ಶಬ್ದಗಳನ್ನು ಕೂಗುವ ‘ಕಾಡುಜನರ ಹಾಡು’ ಭಾರತೀಯ ಚಿತ್ರಗಳಲ್ಲಿ ಎಷ್ಟು ಬಾರಿ ಬಂದಿದೆಯೆಂಬುದು ಎಲ್ಲರಿಗೂ ತಿಳಿದದ್ದು. ‘ಬೇರೆ’ ಎಂಬುದು ‘ವಿಚಿತ್ರ’ ಆಗುವುದು ಮೈಬಣ್ಣದಿಂದಲ್ಲ, ದೂರದಿಂದಲೂ ಅಲ್ಲ; ಮರುಮಾತಿನ ಹಕ್ಕು ತಪ್ಪಿಹೋದಾಗ ಎಂಬುದು ನಮ್ಮ ಅಭಿಪ್ರಾಯ.

5

ಕರ್ನಾಟಕದ ಸಿದ್ದಿಯರ ವಿಷಯ ಇಲ್ಲಿ ಪ್ರಸ್ತುತವಾಗುತ್ತದೆ. ಹೊರರಾಜ್ಯದ ಸಂಶೋಧಕರ ಅನುಕೂಲಕ್ಕಾಗಿ ಸಂಕ್ಷಿಪ್ತವಾಗಿ ಹೇಳುವುದಾದರೆ, ಪೋರ್ಚುಗೀಸರ ಕಾಲದಲ್ಲಿ ಗುಲಾಮರಾಗಿ ಗೋವಾಕ್ಕೆ ತರಲಾದ ಆಫ್ರಿಕನ್ನರಲ್ಲಿ ಅನೇಕರು ತಪ್ಪಿಸಿಕೊಂಡು ಘಟ್ಟದ ಕಾಡುಗಳನ್ನು ಸೇರಿದರು. ಅವರ ಸಂತತಿಯವರು ಇಂದು ಉತ್ತರ ಕನ್ನಡ ಜಿಲ್ಲೆಯ ಯಲ್ಲಾಪುರ, ಹಳಿಯಾಳ, ಅಂಕೋಲಾ, ಮುಂಡಗೋಡ ಮೊದಲಾದ ತಾಲೂಕುಗಳಲ್ಲಿದ್ದಾರೆ. ಅವರಲ್ಲಿ ಹಿಂದೂಗಳು, ಕ್ರೈಸ್ತರು ಮತ್ತು ಮುಸ್ಲಿಮರು ಮೂವರೂ ಉಂಟು. ಕನ್ನಡ, ಕೊಂಕಣಿ, ಮರಾಠಿಗಳು ಅವರ ನಿತ್ಯದ ನುಡಿಗಳು. 2003ರಲ್ಲಿ ಅವರು ಪರಿಶಿಷ್ಟ ಪಂಗಡಗಳ ಪಟ್ಟಿಗೆ ಸೇರಿದರು. 2020ರಲ್ಲಿ ಶಾಂತಾರಾಮ ಸಿದ್ದಿಯವರು ಕರ್ನಾಟಕ ವಿಧಾನ ಪರಿಷತ್ತಿಗೆ ನಾಮಕರಣಗೊಂಡರು. ಈ ಸಮುದಾಯದಿಂದ ಶಾಸನಸಭೆ ಪ್ರವೇಶಿಸಿದ ಮೊದಲಿಗರು ಅವರು.

‘ಆಫ್ರಿಕಾದಲ್ಲಿ ಶೀಲಾ’ ಬಂದ ಮರುವರ್ಷ, 1987ರಲ್ಲಿ, ಭಾರತೀಯ ಕ್ರೀಡಾ ಪ್ರಾಧಿಕಾರವು ವಿಶೇಷ ಯೋಜನೆಯೊಂದರಡಿ ಸಿದ್ದಿ ಮಕ್ಕಳನ್ನು ಅಥ್ಲೆಟಿಕ್ಸ್ ತರಬೇತಿಗೆ ಆರಿಸಿಕೊಂಡಿತು. ಆಫ್ರಿಕನ್ ಮೂಲದವರಾದುದರಿಂದ ಅವರು ಸಹಜವಾಗಿ ಓಟಗಾರರಾಗಿರುತ್ತಾರೆಂಬ ನಂಬಿಕೆ ಅದರ ತಳಹದಿ. ಕೆಲವು ಮಕ್ಕಳು ರಾಷ್ಟ್ರಮಟ್ಟದವರೆಗೆ ಹೋದರು, ಕೆಲವರಿಗೆ ಕ್ರೀಡಾ ಕೋಟಾದಲ್ಲಿ ನೌಕರಿ ದೊರೆಯಿತು. ಈ ಫಲವನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ 1990ರ ದಶಕದ ಆರಂಭದಲ್ಲಿ ಯೋಜನೆ ನಿಂತುಹೋಯಿತು. ಇಲ್ಲಿ ವಿಮರ್ಶಕನು ಗುರುತಿಸಬೇಕಾದುದು ಕಲ್ಪನೆಯ ಸಾಮ್ಯ. ಚಿತ್ರವು ಕಾಡನ್ನು ಅರಸಿ ಆಫ್ರಿಕಾಕ್ಕೆ ಹೋಯಿತು. ಆಡಳಿತವು ಆಫ್ರಿಕಾವನ್ನು ಅರಸಿ ಉತ್ತರ ಕನ್ನಡದ ಕಾಡಿಗೆ ಹೋಯಿತು. ಎರಡೂ ಕಡೆ ಕಂಡದ್ದು ದೇಹ. ಆ ದೇಹದವರು ಗದ್ದೆಯ ಕೂಲಿಯ ಬಗ್ಗೆ, ಅತಿಕ್ರಮಣವೆಂದು ಕರೆಯಲಾದ ತಮ್ಮ ಹೊಲಗಳ ಬಗ್ಗೆ ಕನ್ನಡದಲ್ಲಿಯೇ ಹೇಳುತ್ತಿದ್ದ ಮಾತಿಗೆ ಈ ಎರಡು ನೋಟಗಳಲ್ಲಿಯೂ ಎಡೆಯಿರಲಿಲ್ಲ.

ಇದೇ ದಶಕದಲ್ಲಿ ಮೂರನೆಯ ನೋಟವೊಂದೂ ಇತ್ತು. ಕೆ.ವಿ. ಸುಬ್ಬಣ್ಣನವರು ಹೆಗ್ಗೋಡಿನಲ್ಲಿ ಕಟ್ಟಿದ ನೀನಾಸಂ ಸಂಸ್ಥೆಯು ‘ಜನಸ್ಪಂದನ’ ಯೋಜನೆಯಲ್ಲಿ ಊರೂರುಗಳಲ್ಲಿ ರಂಗಶಿಬಿರಗಳನ್ನು ನಡೆಸುತ್ತಿತ್ತು. ಆಗ ಯಲ್ಲಾಪುರ ತಾಲೂಕಿನ ಮಂಚಿಕೇರಿಯ ಸಿದ್ದಿಯರೊಡನೆ ಚಿದಂಬರರಾವ್ ಜಂಬೆಯವರು ‘ಕಪ್ಪು ಜನ ಕೆಂಪು ನೆರಳು’ ನಾಟಕವನ್ನು ಸಿದ್ಧಪಡಿಸಿದರು. ಅದು ನೈಜೀರಿಯಾದ ಚಿನುವಾ ಅಚಿಬೆಯವರ 1958ರ ಕಾದಂಬರಿ ‘ಥಿಂಗ್ಸ್ ಫಾಲ್ ಅಪಾರ್ಟ್’ನ ರಂಗರೂಪ. ಆ ಕಾದಂಬರಿಯ ಕೊನೆಯಲ್ಲಿ ಬ್ರಿಟಿಷ್ ಅಧಿಕಾರಿಯೊಬ್ಬನು ನಾಯಕ ಒಕೊಂಕ್ವೊನ ಇಡೀ ಬಾಳಿಗೆ ತಾನು ಬರೆಯಲಿರುವ ಪುಸ್ತಕದಲ್ಲಿ ಒಂದು ಕಂಡಿಕೆ ಸಾಕೆಂದು ಲೆಕ್ಕ ಹಾಕುತ್ತಾನೆ. ಅನ್ಯರನ್ನು ವಿಚಿತ್ರವಾಗಿಸುವ ವಿಧಾನವನ್ನು ಇದಕ್ಕಿಂತ ಸಂಕ್ಷಿಪ್ತವಾಗಿ ತೋರಿಸಿದ ಸಾಹಿತ್ಯ ಭಾಗ ವಿರಳ.

ಈ ಪ್ರಯೋಗವನ್ನೂ ಪ್ರಶ್ನೆಯಿಲ್ಲದೆ ಒಪ್ಪಬೇಕಾಗಿಲ್ಲ. ಸಿದ್ದಿಯರಿಗೆ ಆಫ್ರಿಕಾದ ಕಥೆಯನ್ನೇ ಏಕೆ ಆರಿಸಬೇಕಾಗಿತ್ತು? ತಲೆಮಾರುಗಳಿಂದ ಕನ್ನಡ-ಕೊಂಕಣಿಗಳಲ್ಲಿ ಬದುಕಿದವರ ಕೈಗೆ ಅವರು ಕೇಳದ ಆಫ್ರಿಕಾವೊಂದನ್ನು ಕೊಟ್ಟಂತಾಗಲಿಲ್ಲವೇ? ಓಟಗಾರರನ್ನು ಹುಡುಕಿದ ನಂಬಿಕೆ ಮತ್ತು ಇಗ್ಬೊ ಪಾತ್ರಧಾರಿಗಳನ್ನು ಹುಡುಕಿದ ನಂಬಿಕೆ ಒಂದೇ ಬೇರಿನವಲ್ಲವೇ? ಈ ಸಂದೇಹ ಸಾಧುವಾದುದು. ಆದರೆ ಪರಿಣಾಮದಲ್ಲಿ ವ್ಯತ್ಯಾಸವಿದೆ. ಪಾತ್ರವನ್ನು ವಹಿಸುವವನು ಮಾತುಗಳನ್ನು ಕಲಿಯಬೇಕು, ಅವುಗಳ ಕಾರಣವನ್ನು ತಿಳಿಯಬೇಕು, ತಂದೆಯಾಗಿ, ಊರ ಹಿರಿಯನಾಗಿ, ತಪ್ಪು ಮಾಡಿದವನಾಗಿ ಸಭೆಯ ಮುಂದೆ ನಿಲ್ಲಬೇಕು. ಮಂಚಿಕೇರಿಯ ರಂಗದಲ್ಲಿ ಆಫ್ರಿಕಾವು ಕನ್ನಡದಲ್ಲಿ ಮಾತನಾಡಿತು, ಪ್ರಥಮಾ ವಿಭಕ್ತಿಯಲ್ಲಿ ಮಾತನಾಡಿತು. ಕಾಡಿನವನು ದೇವರಾಗದೆ, ಭಕ್ತನಾಗದೆ, ಕೇವಲ ಮನುಷ್ಯನಾಗಿ ಮರುಮಾತು ಕೊಟ್ಟುದು ಕನ್ನಡ ರಂಗಭೂಮಿಗೆ ಸಣ್ಣ ಸಂಗತಿಯಲ್ಲ.

6

ಅನಂತರದ ಬೆಳವಣಿಗೆಗಳನ್ನು ಬೇಗ ದಾಟಬಹುದು. 2010ರ ದಶಕದ ಆರಂಭದಲ್ಲಿ ‘ಹಳ್ಳಿ ಹೈದ ಪ್ಯಾಟೇಗ್ ಬಂದ’ ಎಂಬ ಕಿರುತೆರೆ ಕಾರ್ಯಕ್ರಮವು ಹಳ್ಳಿ ಮತ್ತು ಕಾಡಂಚಿನ ಹಾಡಿಗಳ ಯುವಕರನ್ನು ನಗರಕ್ಕೆ ತಂದು ಅವರು ತಡವರಿಸುವುದನ್ನು ರಂಜನೆಯಾಗಿಸಿತು. ಈ ಬಾರಿ ನೋಡುಗರು ಎಲ್ಲಿಗೂ ಹೋಗಬೇಕಾಗಿರಲಿಲ್ಲ, ನೋಡಬೇಕಾದವರನ್ನೇ ಕರೆಸಲಾಯಿತು. ಇನ್ನೊಂದು ಕಡೆ, ನೀನಾಸಂನಲ್ಲಿ ತರಬೇತಿ ಪಡೆದ ಪ್ರಶಾಂತ್ ಸಿದ್ದಿ ಕನ್ನಡ ಚಿತ್ರಗಳಲ್ಲಿ ಪೋಷಕ ನಟರಾಗಿ ನೆಲೆಯೂರಿದರು. ‘ಸಲಗ’ (2021) ಚಿತ್ರದ ಹಾಡೊಂದಕ್ಕೆ ಗಿರಿಜಾ ಸಿದ್ದಿ, ಗೀತಾ ಸಿದ್ದಿ ಮೊದಲಾದವರು ದನಿಯಾದರು, ಆ ಹಾಡು ನಾಡಿನಾದ್ಯಂತ ಕೇಳಿಸಿತು. ಬಣ್ಣ ಬಳಿದ ಸಹನಟರ ಕಾಲದಿಂದ ಹೆಸರುಳ್ಳ ಕಲಾವಿದರ ಕಾಲಕ್ಕೆ ಬಂದುದು ನಿಜವಾದ ಮುನ್ನಡೆ. ಆದರೆ ಸಿದ್ದಿ ನಟನಿಗೆ ಅವನ ಮೈಬಣ್ಣ, ಕೂದಲುಗಳ ಪ್ರಸ್ತಾಪವೇ ಇಲ್ಲದ ಪಾತ್ರ ಎಷ್ಟು ಬಾರಿ ದೊರೆಯುತ್ತದೆ ಎಂಬ ಪ್ರಶ್ನೆಯನ್ನು ಕೇಳುತ್ತಲೇ ಇರಬೇಕಾಗಿದೆ.

ಹೈದರಾಬಾದಿನಲ್ಲಿಯೂ ಇಂಥದೇ ಕಥೆ. 1948ರ ವಿಲೀನದ ಅನಂತರ ಅಶ್ವದಳ ವಿಸರ್ಜನೆಗೊಂಡಿತು. ಸಿದ್ದಿಯರೂ ಹದ್ರಮೌತ್ ಮೂಲದ ಅರಬರೂ ಬೆಳೆಸಿದ ಮರ್ಫಾ ವಾದ್ಯಮೇಳವಿಲ್ಲದೆ ಹಳೆಯ ನಗರದ ಮದುವೆ ಇಂದಿಗೂ ಕಳೆಗಟ್ಟುವುದಿಲ್ಲ. ಆ ತಾಳಕ್ಕೆ ಕುಣಿಯುವವರು ಅದನ್ನು ಹೈದರಾಬಾದಿನದೆಂದೇ ಭಾವಿಸುತ್ತಾರೆ. ಇದನ್ನು ಮರೆವೆಂದು ಹೇಳಬಹುದು, ಒಪ್ಪಿಕೊಳ್ಳುವಿಕೆ ಎಂದೂ ಹೇಳಬಹುದು. ತಾಳ ನಗರದ್ದಾಗಿದೆ, ಬಾರಿಸುವವರೂ ನಗರದವರೇ ಎಂಬುದು ಅಷ್ಟೇ ಸಹಜವಾಗಿ ಒಪ್ಪಿತವಾಗಬೇಕು.

ಇದೆಲ್ಲ ಕೇವಲ ಪಠ್ಯಗಳ ಚರ್ಚೆಯಲ್ಲ ಎಂಬುದಕ್ಕೆ ಒಂದು ಘಟನೆಯನ್ನು ನೆನಪಿಸುತ್ತೇವೆ. 2016ರ ಜನವರಿ 31ರಂದು ಬೆಂಗಳೂರಿನ ಹೊರವಲಯದಲ್ಲಿ ಸುಡಾನಿನವನೊಬ್ಬನ ಕಾರು ಸ್ಥಳೀಯ ಮಹಿಳೆಯೊಬ್ಬರಿಗೆ ಬಡಿದು ಅವರು ಮೃತಪಟ್ಟರು. ಸ್ವಲ್ಪ ಹೊತ್ತಿನ ಅನಂತರ ಅದೇ ದಾರಿಯಲ್ಲಿ ಬಂದ ತಾಂಜಾನಿಯಾದ ವಿದ್ಯಾರ್ಥಿನಿಯ ಮೇಲೆ ಗುಂಪು ಹಲ್ಲೆ ನಡೆಸಿತು. ಅಪಘಾತಕ್ಕೂ ಅವಳಿಗೂ ಯಾವ ಸಂಬಂಧವೂ ಇರಲಿಲ್ಲ. ಆ ಗುಂಪಿಗೆ ಸುಡಾನ್ ಬೇರೆ, ತಾಂಜಾನಿಯಾ ಬೇರೆ ಆಗಿರಲಿಲ್ಲ. ಇದ್ದುದು ‘ಆಫ್ರಿಕಾ’ ಒಂದೇ. ಮೂವತ್ತು ವರ್ಷಗಳ ಹಿಂದಿನ ಒಂದು ಚಿತ್ರವು ಈ ಕೃತ್ಯಕ್ಕೆ ಕಾರಣವೆಂದು ಹೇಳುವಷ್ಟು ಸರಳವಾದ ಸಂಬಂಧವನ್ನು ನಾವು ಕಲ್ಪಿಸುವುದಿಲ್ಲ. ಆದರೆ ಖಂಡವೊಂದನ್ನು ಒಂದೇ ಮುಖವಾಗಿ ನೋಡುವ ಅಭ್ಯಾಸ ಎಲ್ಲಿಯೋ ಕಲಿತದ್ದಾಗಿರಬೇಕು. ಶಾಲೆಯ ಭೂಪಟ ಅದನ್ನು ಕಲಿಸಲಿಲ್ಲ.

7

ಹೊರನಾಡಿನಲ್ಲಿ ಕುಳಿತು ಕನ್ನಡದ ಕೆಲಸ ಮಾಡುವ ನಮಗೆ ಈ ವಿಷಯ ಎರಡು ರೀತಿಯಲ್ಲಿ ಹತ್ತಿರದ್ದು. ‘ಹೈದರಾಬಾದಿನಲ್ಲಿ ಕನ್ನಡಿಗರು’ ಎಂಬ ಬಗೆಯ ಲೇಖನಗಳಲ್ಲಿ ನಾವು ಪ್ರಥಮಾ ವಿಭಕ್ತಿಯಲ್ಲಿದ್ದು, ಈ ನಗರವನ್ನು ಸಪ್ತಮಿಗೆ ದೂಡಿ ಸುಖವಾಗಿದ್ದೇವೆ. ಇದೇ ನಗರದ ಕಣ್ಣಿಗೆ ರಾಜ್ಯೋತ್ಸವದ ದಿನ ರುಮಾಲು ಸುತ್ತಿ, ಡೊಳ್ಳು ಬಡಿದು ಕಾಣಿಸಿಕೊಳ್ಳುವ ನಾವು ಎಷ್ಟರ ಮಟ್ಟಿಗೆ ಜನ, ಎಷ್ಟರ ಮಟ್ಟಿಗೆ ಪ್ರದರ್ಶನ ಎಂಬುದನ್ನೂ ಯೋಚಿಸಬೇಕು. ನೋಡುವವರು ಮತ್ತು ನೋಡಿಸಿಕೊಳ್ಳುವವರು ಯಾವಾಗಲೂ ಬೇರೆ ಬೇರೆ ಜನರಾಗಿರುವುದಿಲ್ಲ.

ಕೊನೆಯದಾಗಿ ಕೆಲಸದ ಮಾತು. ಸಿದ್ದಿಯರನ್ನು ಕುರಿತು ಮಾನವಶಾಸ್ತ್ರದ ಅಧ್ಯಯನಗಳು ಸಾಕಷ್ಟು ನಡೆದಿವೆ. ಮೂಲ ಯಾವುದು, ಆಚರಣೆ ಏನು, ಡಮಾಮಿ ಕುಣಿತದಲ್ಲಿ ಆಫ್ರಿಕಾದ ಅಂಶವೆಷ್ಟು ಎಂಬುದೇ ಅವುಗಳ ಮುಖ್ಯ ಆಸಕ್ತಿ. ಕನ್ನಡ ವಿಭಾಗಗಳು ಮಾಡಬಹುದಾದ ಕೆಲಸ ಬೇರೆಯಿದೆ. ಸಿದ್ದಿಯರು ಕನ್ನಡವನ್ನು ಹೇಗೆ ಆಡುತ್ತಾರೆ, ಅವರ ಕನ್ನಡದಲ್ಲಿ ಹವ್ಯಕ ಒಡೆಯರು, ಅರಣ್ಯ ಇಲಾಖೆಯವರು, ಕ್ರೀಡಾ ತರಬೇತುದಾರರು, ಸಿನಿಮಾದವರು ಯಾವ ರೂಪದಲ್ಲಿದ್ದಾರೆ? ಮಂಚಿಕೇರಿಯ ನಾಟಕದಲ್ಲಿ ಅಭಿನಯಿಸಿದವರು ಆ ಅನುಭವವನ್ನು ಹೇಗೆ ಹೇಳುತ್ತಾರೆ? ಎ.ಸಿ. ಗಾರ್ಡ್ಸಿನ ಹಿರಿಯರ ದಖ್ಖನಿಯಲ್ಲಿ ನಿಜಾಮರ ಮೆರವಣಿಗೆಯನ್ನು ನೋಡಲು ನೆರೆದ ಜನ ಹೇಗೆ ಕಾಣುತ್ತಿದ್ದರು? ಇಂಥ ಪ್ರಶ್ನೆಗಳಲ್ಲಿ ನೋಡಿದವರೇ ನೋಟದ ವಸ್ತುಗಳಾಗುತ್ತಾರೆ. ಅಲ್ಲಿ ನಾವು ವಿಚಿತ್ರವಾಗಿ ಕಂಡರೆ ಸಹಿಸಿಕೊಳ್ಳುವುದು ಸಂಶೋಧನೆಯ ಮೊದಲ ಶಿಸ್ತು.